ಮೂವರು ಮಾವಂದಿರು, ಒಂದು ಹೋಮೋಮರ್

ಮಾರ್ಚ್ ೩, ಸೋಮವಾರ

ಒಂದೇ ದಿನ ಎರಡು ಪೀಡೆಗಳು ವಕ್ಕರಿಸಿವೆ. ಒಂದು ಕಚೇರಿಯಲ್ಲಿ, ಇನ್ನೊಂದು ನನ್ನ ಸೋಫಾದ ಮೇಲೆ.

ಕಚೇರಿಯದು ಮೊದಲು. ವಿಜ್ಞಾನ ಪದಕೋಶದ ಎಚ್ ಅಕ್ಷರ ಮುಗಿಯಿತೆಂದು ಫೈಲಿಗೆ ದಾರ ಕಟ್ಟುತ್ತಿದ್ದೆ. ಸಂಪಾದಕರು ಬಂದು ಮೇಜಿನ ಮೇಲೆ ಒಂದು ಚೀಟಿ ಇಟ್ಟರು. ಅದರಲ್ಲಿ 'ಹೋಮೋಮರ್' ಎಂದಿತ್ತು.

"ಇದಕ್ಕೆ ನಮ್ಮಲ್ಲಿ ಏನಂತಾರೆ?"

"ಏನೂ ಅನ್ನಲ್ಲ ಸರ್. ಅದರ ಸುದ್ದಿಗೇ ಯಾರೂ ಹೋಗಿಲ್ಲ."

"ಹಾಗಾದ್ರೆ ನಾವು ಹೋಗೋಣ. ತಿಂಗಳ ಕೊನೆಯೊಳಗೆ ಪದ ಸಿಗದಿದ್ರೆ ಅದನ್ನ ಕುಟುಂಬ ಸಮೇತ ಪುಸ್ತಕದಿಂದ ತೆಗೀಬೇಕಾಗತ್ತೆ."

ಕುಟುಂಬ ಎಂದರೇನೆಂದು ತಿಳಿಯಲು ನಮ್ಮ ಸಮಿತಿಯ ಜೀವರಸಾಯನ ತಜ್ಞೆಗೆ ಫೋನ್ ಮಾಡಿದೆ. ನಾವೆಲ್ಲ ಅವರನ್ನು ಪ್ರೊಟೀನ್ ಮೇಡಂ ಎನ್ನುತ್ತೇವೆ. ಜೀವಕೋಶದೊಳಗೆ ಪ್ರೊಟೀನುಗಳು ಎಷ್ಟೋ ಸಲ ಒಂಟಿಯಾಗಿ ಕೆಲಸ ಮಾಡುವುದಿಲ್ಲವಂತೆ; ಗುಂಪು ಕಟ್ಟಿಕೊಳ್ಳುತ್ತವಂತೆ. ಗುಂಪಿನವರೆಲ್ಲ ಒಂದೇ ತೆರನಾಗಿದ್ದರೆ ಹೋಮೋಮರ್. ಬೇರೆ ಬೇರೆಯಾಗಿದ್ದರೆ ಹೆಟೆರೋಮರ್. ಒಂದೇ ತೆರನವು ಎರಡಿದ್ದರೆ ಹೋಮೋಡೈಮರ್, ಮೂರಿದ್ದರೆ ಹೋಮೋಟ್ರೈಮರ್, ನಾಲ್ಕಿದ್ದರೆ ಹೋಮೋಟೆಟ್ರಾಮರ್. ಹೀಗೆ ಹನ್ನೆರಡರವರೆಗೂ ಹೇಳುತ್ತಾ ಹೋದರು. ನಾನು ಈ ಕೆಲಸಕ್ಕೆ ಸೇರಿದಾಗಿನಿಂದ ಒಂದು ಪದವನ್ನೂ ಖಾಲಿ ಬಿಟ್ಟವಳಲ್ಲ. ಈಗ ಒಂದು ಸಂಸಾರವೇ ಬಂದು ಬಾಗಿಲಲ್ಲಿ ನಿಂತಿದೆ.

ಮನೆಗೆ ಬಂದರೆ ಅಲ್ಲಿಯೂ ಬಾಗಿಲಲ್ಲಿ ಒಂದು ಸಂಸಾರ. ಅಮ್ಮನ ತಮ್ಮಂದಿರು, ನನ್ನ ಮೂವರು ಸೋದರಮಾವಂದಿರು. ಒಂದೇ ಹೆರಿಗೆಯಲ್ಲಿ ಹುಟ್ಟಿದವರು, ಒಂದೇ ಮುಖ, ಒಂದೇ ಬಕ್ಕತಲೆ. ಎಪ್ಪತ್ತು ದಾಟಿದ್ದಾರೆ. ಅವರ ಮನೆಗೆ ಗಾರೆ ಕೆಲಸ, ಬಣ್ಣದ ಕೆಲಸ ನಡೆಯುತ್ತಿದೆಯಂತೆ, ಮುಗಿಯುವವರೆಗೆ ಇಲ್ಲಿರುತ್ತಾರಂತೆ. ಒಬ್ಬರಿಗೊಬ್ಬರು ಹೇಳದೆ ಬೇರೆ ಬೇರೆ ಅಂಗಡಿಯಲ್ಲಿ ಸೂಟ್‌ಕೇಸ್ ಕೊಂಡಿದ್ದಾರೆ. ಮೂರೂ ಒಂದೇ ಕಂದು ಬಣ್ಣ.

ನನ್ನದು ಒಬ್ಬಳೇ ಇರುವ ಮನೆ. ಎರಡು ಕೋಣೆ, ಒಂದು ಬಚ್ಚಲು, ಒಂದೇ ಒಂದು ಒಳ್ಳೆಯ ಕುರ್ಚಿ. ನನಗೆ ಹಾಗೇ ಇಷ್ಟ.

ಮಾರ್ಚ್ ೪, ಮಂಗಳವಾರ

ಇವರು ಒಬ್ಬರಿಗೊಬ್ಬರು ಮಾತಾಡುವುದಿಲ್ಲ ಎಂಬುದನ್ನು ಮರೆತೇಬಿಟ್ಟಿದ್ದೆ.

ಇವರಲ್ಲಿ ಯಾರು ಯಾರೆಂದು ತಪ್ಪಿಲ್ಲದೆ ಹೇಳುತ್ತಿದ್ದವಳು ಅಮ್ಮ ಒಬ್ಬಳೇ. ಹೋದ ವರ್ಷ ಅವಳು ತೀರಿಕೊಂಡ ಮೇಲೆ ಅವಳ ಕಪಾಟಿನಲ್ಲಿ ಇವರ ಮೂರನೆಯ ವಯಸ್ಸಿನ ಒಂದು ಫೋಟೋ ಸಿಕ್ಕಿತು. ಇಬ್ಬರು ಅಳುತ್ತಿದ್ದಾರೆ, ಒಬ್ಬ ನಗುತ್ತಿದ್ದಾನೆ. ಆ ನಗುವವನು ನಾನೇ ಎಂದು ಮೂವರ ವಾದ. ಅವತ್ತು ಬಿಟ್ಟ ಮಾತು ಇನ್ನೂ ಸೇರಿಲ್ಲ. ಇರುವುದು ಮಾತ್ರ ಒಂದೇ ಮನೆಯಲ್ಲಿ.

ಬೆಳಿಗ್ಗೆ ಚಹಾ ಕುಡಿಯುವಾಗ ಒಬ್ಬ ಮಾವ ಹೇಳಿದರು, "ಪುಟ್ಟೀ, ಆ ಸಕ್ಕರೆ ಡಬ್ಬಿ ಈ ಕಡೆ ತಳ್ಳೋಕೆ ಆ ಮನುಷ್ಯನಿಗೆ ಹೇಳು."

ಆ ಮನುಷ್ಯ ಇವರ ಮೊಣಕೈಗೆ ತಾಗಿಕೊಂಡೇ ಕೂತಿದ್ದರು. ಅವರು ಹೇಳಿದರು, "ಪುಟ್ಟೀ, ಸಕ್ಕರೆ ಕಾಯಿಲೆ ಬರತ್ತೆ ಅಂತ ಆ ಮನುಷ್ಯನಿಗೆ ಹೇಳು."

ನನಗೆ ನಲವತ್ತಾರು ವರ್ಷ. ಇನ್ನೂ ಪುಟ್ಟಿ.

ಯಾವ ಮನುಷ್ಯನಿಗೆ ಏನು ಹೇಳಬೇಕೆಂದು ತಿಳಿಯದೆ ತಲೆ ಚಿಟ್ಟು ಹಿಡಿಯಿತು. ಕೊನೆಗೆ ಬಟ್ಟೆ ಒಣಹಾಕುವ ಹಗ್ಗದಿಂದ ಮೂರು ಕ್ಲಿಪ್ಪು ತಂದು ಅಂಗಿಯ ಕಾಲರಿಗೆ ಸಿಕ್ಕಿಸಿದೆ. ಹಿರಿಮಾವನಿಗೆ ಕೆಂಪು, ನಡುಮಾವನಿಗೆ ನೀಲಿ, ಕಿರಿಮಾವನಿಗೆ ಹಳದಿ. ಹಿರಿಯ, ನಡು, ಕಿರಿಯ ಎಂದರೂ ಅಂತರವಿರುವುದು ನಿಮಿಷಗಳಲ್ಲಿ. ಆದರೂ ಹಿರಿಮಾವ ಕ್ಲಿಪ್ಪು ಹಾಕಿಸಿಕೊಳ್ಳುವಾಗ, "ಮೊದಲು ನನಗೆ" ಎಂದರು.

ಮಾರ್ಚ್ ೬, ಗುರುವಾರ

ಸಮಿತಿ ಸಭೆ. ನನ್ನ ಕೆಲಸ ಎಂದಿನಂತೆ ಬರೆದುಕೊಳ್ಳುವುದು, ಬಾಯಿ ಮುಚ್ಚಿಕೊಂಡಿರುವುದು.

ಪಂಡಿತರು ಎದ್ದು ನಿಂತು ಗಂಟಲು ಸರಿಪಡಿಸಿಕೊಂಡು ತಮ್ಮ ಪದ ಹೇಳಿದರು: ಸಮಾನೋಪಘಟಕಸಂಘಟಿತಸಂಕೀರ್ಣ. ಹೇಳಿ ಮುಗಿಸಿ ನೀರು ಕುಡಿದರು. ಪುಟದ ಅಂಕಣದಲ್ಲಿ ಅದು ಹಿಡಿಯುವುದಿಲ್ಲ. ಪುಸ್ತಕವನ್ನು ಅಡ್ಡಡ್ಡ ಅಚ್ಚು ಹಾಕಬೇಕಾಗುತ್ತದೆ.

ಎದುರು ಕೂತವರು ಸಂಸ್ಕೃತವೆಂದರೆ ಮೂಗು ಮುರಿಯುವ ಮಹಾಶಯರು. ನಾವು ಅವರನ್ನು ಅಚ್ಚನುಡಿಯವರು ಎನ್ನುತ್ತೇವೆ. ಅವರ ಪದ ಪಡಿಯಚ್ಚುಕೂಟ. ಎಲ್ಲವೂ ಒಂದೇ ಅಚ್ಚಿನವು, ಆದ್ದರಿಂದ ಪಡಿಯಚ್ಚು. ಎರಡಿದ್ದರೆ ಇಕ್ಕೂಟ, ಮೂರಿದ್ದರೆ ಮುಕ್ಕೂಟ, ನಾಲ್ಕಿದ್ದರೆ ನಾಲ್ಕೂಟ.

"ನಾಲ್ಕೂಟ?" ಎಂದರು ಪಂಡಿತರು. "ಮಕ್ಕಳು ಅದನ್ನ ದಿನಕ್ಕೆ ನಾಲ್ಕು ಊಟ ಅಂತ ಓದ್ಕೋತಾರೆ."

"ನಿಮ್ಮ ಪದ ಓದೋಷ್ಟ್ರಲ್ಲಿ ನಾಲ್ಕು ಊಟದ ಹೊತ್ತು ಆಗತ್ತೆ" ಎಂದರು ಅಚ್ಚನುಡಿಯವರು.

ಎತ್ತು ಏರಿಗೆ ಎಳೆದರೆ ಕೋಣ ನೀರಿಗೆ ಎಳೆಯಿತು. ಪ್ರೊಟೀನ್ ಮೇಡಂ ಬಿಸ್ಕತ್ತು ತಿನ್ನುತ್ತಾ ಇಬ್ಬರನ್ನೂ ಪ್ರಯೋಗಶಾಲೆಯ ಇಲಿಗಳನ್ನು ನೋಡಿದಂತೆ ನೋಡುತ್ತಿದ್ದರು. ಪದ ಆಗಲಿಲ್ಲ. ಬಿಸ್ಕತ್ತು ಆಯಿತು.

ಮಾರ್ಚ್ ೮, ಶನಿವಾರ

ಮೂವರಿಗೂ ಬೆಳಿಗ್ಗೆ ಒಂದೇ ಗಳಿಗೆಯಲ್ಲಿ ಬಚ್ಚಲು ಬೇಕು. ಒಬ್ಬರು ಸೀನಿದರೆ ಉಳಿದಿಬ್ಬರು ಸೀನುತ್ತಾರೆ. ಮೂವರೂ ಕೈಗೆ ಸಿಕ್ಕಿದ ವಸ್ತುವನ್ನು "ಇದೇನು?" ಎಂದು ಕೇಳಿ, ಉತ್ತರ ಕೇಳದೆ ಕೆಳಗಿಡುತ್ತಾರೆ.

ದೇವರು ಒಂದು ಸಾಕೆಂದು ಯಾಕೆ ಅಂದುಕೊಳ್ಳಲಿಲ್ಲ?

ಮಾರ್ಚ್ ೧೧, ಮಂಗಳವಾರ

ನಡುಮಾವ ಹಿಂದೆ ಬಸ್ ಕಂಡಕ್ಟರ್ ಆಗಿದ್ದವರು. ನಿವೃತ್ತರಾದರೂ ಕೆಲಸ ಬಿಟ್ಟಿಲ್ಲ. ನಮ್ಮ ಕಟ್ಟಡದ ಲಿಫ್ಟಿನ ಬಳಿ ನಿಂತು, "ಒಳಗೆ ಹೋಗಿ, ಒಳಗೆ ಹೋಗಿ, ಮುಂದೆ ಜಾಗ ಇದೆ" ಎಂದು ಎಲ್ಲರನ್ನೂ ತುಂಬಿಸುತ್ತಿದ್ದಾರೆ. ನಾಲ್ಕು ಜನರ ಲಿಫ್ಟಿನಲ್ಲಿ ಇವತ್ತು ಏಳು ಜನ ಮೇಲೆ ಹೋದರು. ದೂರು ಬರುತ್ತದೆಂದು ಕಾದೆ. ಎದುರುಮನೆಯ ಹೆಂಗಸು ಬಂದು, "ನಿಮ್ಮ ಮಾವ ನಾಳೆನೂ ಇರ್ತಾರಾ? ಇವತ್ತು ಮೊದಲ ಸಲ ಪಕ್ಕದ ಫ್ಲಾಟಿನವರ ಪರಿಚಯ ಆಯ್ತು" ಎಂದಳು.

ಕಿರಿಮಾವ ಡ್ರಿಲ್ ಮಾಸ್ತರರಾಗಿದ್ದವರು. ಕೊರಳಲ್ಲಿ ಇನ್ನೂ ಸೀಟಿ ಇದೆ. ಅದನ್ನು ಊದಿದರೆ ನನ್ನ ಬೆನ್ನು ತಾನಾಗಿ ನೆಟ್ಟಗಾಗುತ್ತದೆ.

ಹಿರಿಮಾವ ಗಡಿಯಾರ ರಿಪೇರಿಯವರು. ನನ್ನ ಗೋಡೆ ಗಡಿಯಾರವನ್ನು ಬಿಚ್ಚಿ ಊಟದ ಮೇಜಿನ ತುಂಬ ಹರವಿದ್ದಾರೆ. ಕಿವಿ ಸ್ವಲ್ಪ ಮಂದ. "ಯಾವಾಗ ಮುಗಿಯತ್ತೆ ಮಾವ?" ಎಂದು ಕೇಳಿದರೆ, "ಹೌದೌದು, ಒಳ್ಳೇ ಕಂಪನಿ" ಎಂದರು. ನಿಂತು ಊಟ ಮಾಡಿದೆ.

ಮಾರ್ಚ್ ೧೩, ಗುರುವಾರ

ಸಂಜೆ ಪ್ರೊಟೀನ್ ಮೇಡಂ ನಮ್ಮ ಮನೆಗೆ ಬಂದರು. ಪಂಡಿತರಿಗೂ ಅಚ್ಚನುಡಿಯವರಿಗೂ ವಿಷಯವೇ ಅರ್ಥವಾಗಿಲ್ಲ, ನಿಮಗಾದರೂ ಆಗಲಿ ಎಂದು ಒಂದು ರಬ್ಬರ್ ಮಾದರಿ ತಂದಿದ್ದರು. ಸೋಫಾದ ಮೇಲೆ ಸಾಲಾಗಿ ಕೂತ ಮೂವರನ್ನು ನೋಡಿದ್ದೇ ಅವರ ಕಣ್ಣು ಅರಳಿತು.

"ಹೋಮೋಟ್ರೈಮರ್" ಎಂದರು, ಮಲ್ಲಿಗೆ ಗಿಡದಲ್ಲಿ ಮೊದಲ ಮೊಗ್ಗು ಕಂಡವರ ಹಾಗೆ.

"ಬೈತಿದಾರಾ?" ಎಂದು ಹಿರಿಮಾವ ನನ್ನನ್ನು ಕೇಳಿದರು.

ಮೇಡಂ ರಬ್ಬರಿನ ಮೂರು ತುಂಡು ತೋರಿಸಿ ವಿವರಿಸಿದರು. ಬಿಡಿಯಾಗಿದ್ದರೆ ಈ ಪ್ರೊಟೀನಿನಿಂದ ಏನೂ ಆಗುವುದಿಲ್ಲ. ಮೂರು ಸೇರಿ ದುಂಡಗೆ ನಿಂತಾಗ ನಡುವೆ ಒಂದು ದಾರಿ ಹುಟ್ಟುತ್ತದೆ. ಉಪ್ಪಿನ ಕಣಗಳು ಜೀವಕೋಶದ ಒಳಗೆ ಹೊರಗೆ ಹೋಗುವುದು ಅದರಲ್ಲೇ. ಆ ದಾರಿ ಮೂವರಲ್ಲಿ ಯಾರೊಬ್ಬರದೂ ಅಲ್ಲ.

ನಡುಮಾವ ತಲೆದೂಗಿದರು. "ಜನ ಹತ್ತೋದು ಇಳಿಯೋದು ನೋಡ್ಕೊಳ್ಳೋ ಕೆಲಸ. ಜವಾಬ್ದಾರಿ ಇರತ್ತೆ."

"ಒಂದೇ ತರ ಇರೋವು ಹತ್ತಿರ ಹತ್ತಿರ ನಿಂತ್ರೆ ಜಗಳ ಆಗಲ್ವಾ?" ಎಂದರು ಕಿರಿಮಾವ.

"ಮಾತೇ ಇಲ್ಲವಲ್ಲ ಅವುಕ್ಕೆ" ಎಂದರು ಮೇಡಂ.

ಮೂವರೂ ಬೇರೆ ಬೇರೆ ಗೋಡೆ ನೋಡಿದರು. ನಾನು ಚಹಾ ತರಲು ಎದ್ದೆ.

ಮಾರ್ಚ್ ೧೫, ಶನಿವಾರ

ನಡುಮಾವ ಲಿಫ್ಟಿನ ಬಳಿ ಹೊಟ್ಟೆ ಹಿಡಿದುಕೊಂಡು ಕೂತುಬಿಟ್ಟರಂತೆ. ಎದುರುಮನೆಯವಳು ಕರೆದುಕೊಂಡು ಬಂದಳು. ಡಾಕ್ಟರ ಹತ್ತಿರ ಹೋದೆವು. ಹರ್ನಿಯಾ. ಕಿಬ್ಬೊಟ್ಟೆಯಲ್ಲಿ ನಿಂಬೆಹಣ್ಣಿನಷ್ಟು ಗಂಟು. ಒಂದು ವರ್ಷದಿಂದ ಇದೆಯಂತೆ. ಮಾತು ಬಿಟ್ಟಿದ್ದರಿಂದ ಯಾರಿಗೂ ಹೇಳಿರಲಿಲ್ಲ. ತಡಮಾಡಿದರೆ ಕರುಳು ಸಿಕ್ಕಿಕೊಂಡು ಪ್ರಾಣಕ್ಕೆ ಬರುತ್ತದೆ ಎಂದರು ಡಾಕ್ಟರು. ಬುಧವಾರ ಆಪರೇಷನ್.

"ಕತ್ತರಿಸಲೇಬೇಕಾ?" ಎಂದು ಮಾವ ನಾಲ್ಕು ಸಲ ಕೇಳಿದರು.

ಮನೆಗೆ ಬಂದು ಸುದ್ದಿ ಹೇಳಿದೆ. ಉಳಿದಿಬ್ಬರೂ ಒಬ್ಬೊಬ್ಬರಾಗಿ ಬಚ್ಚಲಿಗೆ ಹೋಗಿ ಚಿಲಕ ಹಾಕಿಕೊಂಡು ಬಹಳ ಹೊತ್ತು ಹೊರಗೆ ಬರಲಿಲ್ಲ. ತಮ್ಮ ತಮ್ಮ ಹೊಟ್ಟೆ ಒತ್ತಿ ನೋಡಿಕೊಳ್ಳುತ್ತಿದ್ದರೆಂದು ಕಾಣುತ್ತದೆ.

ಬಟ್ಟೆ ಒಣಹಾಕಲು ಹೋದರೆ ಕೆಂಪು, ನೀಲಿ, ಹಳದಿ ಕ್ಲಿಪ್ಪುಗಳು ಹಗ್ಗದ ಮೇಲೇ ಇದ್ದವು. ಯಾವಾಗ ತೆಗೆದೆನೋ ನೆನಪಿಲ್ಲ.

ಮಾರ್ಚ್ ೧೮, ಮಂಗಳವಾರ

ಹೆದರಿಕೆ ಆಗ್ತಿದೆ ಎಂದು ನಡುಮಾವ ಹೇಳಲಿಲ್ಲ. ತೊಳೆದ ಲೋಟಗಳನ್ನೇ ಮತ್ತೆ ಮತ್ತೆ ತೊಳೆದರು. ನಾನು ಒರೆಸಿದೆ. ಕಚೇರಿಗೆ ರಜೆ ಹಾಕಿದ್ದೇನೆ. ಹೋಮೋಮರ್ ಎಲ್ಲಿಗೂ ಓಡಿಹೋಗುವುದಿಲ್ಲ.

ಮಾರ್ಚ್ ೧೯, ಬುಧವಾರ

ಬೀಸೋ ದೊಣ್ಣೆ ತಪ್ಪಿದರೆ ಸಾವಿರ ವರ್ಷ ಆಯಸ್ಸು ಎನ್ನುತ್ತಾರೆ. ಆ ಲೆಕ್ಕದಲ್ಲಿ ಹಿರಿಮಾವ ಇನ್ನು ಸಾಯುವುದಿಲ್ಲ. ನಡೆದದ್ದನ್ನು ಇದ್ದ ಹಾಗೆ ಬರೆಯುತ್ತೇನೆ.

ಬೆಳಿಗ್ಗೆ ನಾಲ್ವರೂ ಆಸ್ಪತ್ರೆಗೆ ಹೋದೆವು. ನಡುಮಾವನಿಗೆ ಹಸಿರು ಗೌನು ತೊಡಿಸಿ, ಮಣಿಕಟ್ಟಿಗೆ ಪಟ್ಟಿ ಕಟ್ಟಿ ಹಾಸಿಗೆಯ ಮೇಲೆ ಮಲಗಿಸಿದರು. ಇನ್ನೊಂದು ಗೌನು ಕುರ್ಚಿಯ ಮೇಲೆ ಮಡಚಿಟ್ಟಿತ್ತು. ನಾನು ಕೆಳಗೆ ಸಹಿ ಹಾಕಲು ಹೋದೆ. ಆ ಹೊತ್ತಿನಲ್ಲಿ ನಡುಮಾವ ಮುಖ ತೊಳೆದು ಬರುತ್ತೇನೆಂದು ತಮ್ಮ ಅಂಗಿಯನ್ನೇ ಗೌನಿನ ಮೇಲೆ ಹಾಕಿಕೊಂಡು ಹೊರಟವರು ವಾಪಸ್ ಬರಲಿಲ್ಲ.

ಖಾಲಿ ಹಾಸಿಗೆ ನೋಡಿ ಹಿರಿಮಾವನಿಗೆ ಕಳವಳ. ಹಾಸಿಗೆ ಖಾಲಿ ಕಂಡರೆ ಬೇರೆಯವರಿಗೆ ಕೊಟ್ಟುಬಿಡುತ್ತಾರೆ, ತಮ್ಮನಿಗೆ ಸರದಿ ತಪ್ಪುತ್ತದೆ. ಬಸ್ಸಿನಲ್ಲಿ ಟವೆಲ್ ಹಾಕಿ ಸೀಟು ಹಿಡಿಯುತ್ತೇವಲ್ಲ, ಹಾಗೆ ಅವರು ಟವೆಲಿನ ಬದಲು ತಮ್ಮ ಮೈಯನ್ನೇ ಹಾಕಿದರು. ಅಂಗಿ ಬಿಚ್ಚಿ, ಕುರ್ಚಿಯ ಮೇಲಿದ್ದ ಗೌನು ತೊಟ್ಟು ಮಲಗಿದರು. ಅಷ್ಟು ಮಾಡಿದ ಮೇಲೆ ಅವರ ಕಣ್ಣು ಹತ್ತಿತು.

ನರ್ಸು ತಳ್ಳುಗಾಡಿ ತಂದಳು. ಮುಖ ನೋಡಿದಳು, ಅದೇ ಮುಖ. ಮಣಿಕಟ್ಟಿನಲ್ಲಿ ಪಟ್ಟಿ ಇಲ್ಲ. ಕಳಚಿ ಬಿದ್ದಿರಬೇಕೆಂದು ಹೊಸದು ಕಟ್ಟಿದಳು. "ಹೆದರಿಕೆ ಏನಿಲ್ವಲ್ಲ ತಾತ?" ಎಂದು ಕೇಳಿದಳಂತೆ. ಕಿವಿ ಮಂದವಾದ ಹಿರಿಮಾವ, "ಹೌದೌದು" ಎಂದರಂತೆ.

ನಾನು ಮೇಲೆ ಬಂದಾಗ ಕಿರಿಮಾವ ಬಾಗಿಲ ಪಕ್ಕದಲ್ಲಿ ನೆಟ್ಟಗೆ ನಿಂತಿದ್ದರು. ಅಣ್ಣಂದಿರ ಕಡೆ ನೋಡಬಾರದೆಂದು ಅಲ್ಲಿಯವರೆಗೂ ಗೋಡೆ ನೋಡುತ್ತಿದ್ದರು. "ಕರ್ಕೊಂಡು ಹೋದ್ರು" ಎಂದರು.

"ಹಿರಿಮಾವ ಎಲ್ಲಿ?"

"ಆ ಮನುಷ್ಯನ ವಿಚಾರ ನನಗೆ ಗೊತ್ತಿಲ್ಲ."

ಆಗ ಕಾರಿಡಾರಿನ ತುದಿಯಿಂದ ಕೇಳಿಸಿತು: "ಒಳಗೆ ಹೋಗಿ, ಒಳಗೆ ಹೋಗಿ, ಗಾಲಿ ಕುರ್ಚಿಗೆ ಜಾಗ ಬಿಡಿ." ಅಂಗಿಯ ಕೆಳಗಿಂದ ಹಸಿರು ಗೌನು ಇಣುಕುತ್ತಿತ್ತು. ನಡುಮಾವ ಆಸ್ಪತ್ರೆಯ ಲಿಫ್ಟು ತುಂಬಿಸುತ್ತಿದ್ದರು.

ಹಾಗಾದರೆ ಒಳಗೆ ಹೋದವರು ಹಿರಿಮಾವ. ನಾನು ಓಡಿದೆ. ನಡುಮಾವ ಹೊಟ್ಟೆ ಹಿಡಿದುಕೊಂಡು ಹಿಂದೆ ಬಂದರು. ಆಪರೇಷನ್ ಕೋಣೆಯ ಬಾಗಿಲಲ್ಲಿ ನಮ್ಮನ್ನು ತಡೆದು, ಸದ್ದು ಮಾಡಬಾರದು ಎಂದರು. ಕಿರಿಮಾವ ಸೀಟಿ ಊದಿದರು. ಇಡೀ ಮಹಡಿ ನಿಂತುಬಿಟ್ಟಿತು. ಊರುಗೋಲಿನ ರೋಗಿಯೊಬ್ಬರು ಸಾವಧಾನ್ ಭಂಗಿಗೆ ಬಂದರು.

ಬಾಗಿಲು ತೆರೆದು ಸರ್ಜನ್ ಹೊರಗೆ ಬಂದರು. ಅವರಿಗೆ ನಮ್ಮ ಸೀಟಿಗಿಂತ ದೊಡ್ಡ ಚಿಂತೆ. "ಶನಿವಾರ ನಾನೇ ಮುಟ್ಟಿ ನೋಡಿದ್ದೆ. ಈಗ ಹರ್ನಿಯಾನೇ ಇಲ್ಲ. ತಾನಾಗೇ ಮಾಯವಾಗಿದೆ. ನನ್ನ ಸರ್ವಿಸಿನಲ್ಲಿ ಇಂಥದ್ದು ನೋಡಿಲ್ಲ" ಎಂದರು. ಅಷ್ಟರಲ್ಲಿ ನಡುಮಾವನ ಮುಖ ಕಂಡು ಬಾಯಿ ಹಾಗೇ ತೆರೆದುಕೊಂಡಿತು. ಪಕ್ಕದಲ್ಲಿ ಕಿರಿಮಾವನ ಮುಖ ಕಂಡು ಕನ್ನಡಕ ತೆಗೆದು ಒರೆಸಿಕೊಂಡರು.

ಒಳಗೆ ಹಿರಿಮಾವ ಎದ್ದು ಕೂತಿದ್ದರು. "ನಾನು ಸುಮ್ನೆ ಜಾಗ ಹಿಡಿದಿದ್ದೆ" ಎನ್ನುತ್ತಿದ್ದರು ಎಲ್ಲರಿಗೂ.

ನಡುಮಾವ ಬಾಗಿಲಲ್ಲೇ ನಿಂತು ಅವರನ್ನು ನೋಡಿದರು. ಆಮೇಲೆ ನನ್ನ ಮೂಲಕ ಅಲ್ಲ, ನೇರವಾಗಿ ಹೇಳಿದರು.

"ಎದ್ದೇಳೋ. ಅದು ನನ್ನ ಜಾಗ."

ಹಿರಿಮಾವನಿಗೆ ಅದು ಒಂದೇ ಸಲಕ್ಕೆ ಕೇಳಿಸಿತು. "ಬಾ" ಎಂದರು, ಪಕ್ಕಕ್ಕೆ ಸರಿಯುತ್ತಾ. "ಬೆಚ್ಚಗೆ ಮಾಡಿಟ್ಟಿದೀನಿ."

ಆಪರೇಷನ್ ಸರಾಗವಾಯಿತು. ಹೊರಗಿನ ಬೆಂಚಿನ ಮೇಲೆ ಹಿರಿಮಾವ, ಕಿರಿಮಾವ ಒಂದೇ ಲೋಟದ ಚಹಾ ಹಂಚಿಕೊಂಡು ಕೂತಿದ್ದರು. ಇಬ್ಬರೂ ಎಡಗೈಯಲ್ಲಿ ತಂತಮ್ಮ ಕಿಬ್ಬೊಟ್ಟೆ ಒತ್ತಿ ಹಿಡಿದಿದ್ದರು.

ಸರ್ಜನ್ ಹೊರಡುವಾಗ, "ನಮ್ಮ ತಪ್ಪು ಒಪ್ಕೋತೀನಮ್ಮ. ಆದ್ರೆ ಮೂರೂ ಜನ ಒಂದೇ ತರ ಇದ್ರೆ ಯಾರು ತಾನೇ ಗುರುತು ಹಿಡೀತಾರೆ?" ಎಂದರು. ನನಗೆ ಕೋಪ ಬಂತು. ಹಿರಿಮಾವ ಯಾವುದನ್ನೇ ನೋಡುವಾಗಲೂ ಒಂದು ಕಣ್ಣು ಕಿರಿದು ಮಾಡುತ್ತಾರೆ. ನಡುಮಾವ ನಿಂತಲ್ಲೇ ತೂಗಾಡುತ್ತಾರೆ, ನೆಲ ಓಡುತ್ತಿದೆಯೇನೋ ಎಂಬಂತೆ. ಕಿರಿಮಾವ ನಗುವ ಮೊದಲು ಉಸಿರು ಹಿಡಿಯುತ್ತಾರೆ. ಇಷ್ಟು ಓದಿದ ಮನುಷ್ಯ, ಕಣ್ಣು ಬಿಟ್ಟು ನೋಡಬಾರದೇ?

ಮಾರ್ಚ್ ೨೨, ಶನಿವಾರ

ನಡುಮಾವ ಮನೆಗೆ ಬಂದರು. ನನ್ನ ಒಳ್ಳೆಯ ಕುರ್ಚಿ ಅವರಿಗೆ.

ಮೂವರೂ ಮಾತಾಡುತ್ತಿದ್ದಾರೆ. ನಿಲ್ಲಿಸುವುದೇ ಇಲ್ಲ. ಒಂದು ವರ್ಷದ ಬಾಕಿ ಮಾತು. ಈರುಳ್ಳಿ ಹೆಚ್ಚುವುದು ಹೇಗೆಂಬುದರ ಮೇಲೆ ಇಡೀ ಮಧ್ಯಾಹ್ನ ಹೋಯಿತು. ಮಾತು ಬಿಟ್ಟಿದ್ದಾಗಲೇ ನೆಮ್ಮದಿಯಿತ್ತು.

ಮಾರ್ಚ್ ೨೫, ಮಂಗಳವಾರ

ಕೊನೆಯ ಸಮಿತಿ ಸಭೆ. ಸಂಪಾದಕರು ಸುಸ್ತಾಗಿ, "ಪಡಿಯಚ್ಚುಕೂಟ ಅಂತ ಹಾಕಿ ಮುಗಿಸೋಣ. ಎಲ್ಲ ಒಂದೇ ರೂಪ ಅನ್ನೋ ಅರ್ಥ ಬಂದ್ರೆ ಸಾಕು" ಎಂದರು.

"ಸಾಕಾಗಲ್ಲ" ಎಂದು ಯಾರೋ ಹೇಳಿದರು. ಎಲ್ಲರೂ ನನ್ನ ಕಡೆ ತಿರುಗಿದ್ದರಿಂದ ಅದು ನಾನೇ ಎಂದು ಗೊತ್ತಾಯಿತು.

ಬಾಯಿ ಬಿಟ್ಟಾಗಿತ್ತು, ಮುಂದುವರಿಸಿದೆ. ಒಂದೇ ಎರಕದಿಂದ ಬಂದವರೆಂದು ಹೇಳಿ, ಒಪ್ಪುತ್ತೇನೆ. ಒಂದೇ ರೂಪದವರೆಂದು ಹೇಳಬೇಡಿ. ಹುಟ್ಟಿದ್ದು ಒಂದೇ ಆದರೂ ನಿಂತ ಜಾಗ ಬೇರೆ, ಪಕ್ಕದವರು ಬೇರೆ. ಹಾಗಾಗಿ ಬಾಗುವುದೂ ಬೇರೆ. ಗೊತ್ತಿಲ್ಲದವರು ದೂರದಿಂದ ನೋಡಿ ಒಂದೇ ಅನ್ನುತ್ತಾರೆ. ಪದಕೋಶವೂ ಹಾಗೆ ಅನ್ನಬಾರದು.

ಮೇಜಿಗೆ ಗುದ್ದಿದೆನೆಂದು ಪಂಡಿತರು ಆಮೇಲೆ ಹೇಳಿದರು. ನನಗೆ ನೆನಪಿಲ್ಲ.

"ಅವರು ಹೇಳೋದು ಸರಿ" ಎಂದರು ಪ್ರೊಟೀನ್ ಮೇಡಂ. "ಸರಪಳಿಯ ಅನುಕ್ರಮ ಒಂದೇ. ಆದ್ರೆ ಕೂಟದಲ್ಲಿ ಒಂದು ಒಂದು ತರ, ಇನ್ನೊಂದು ಇನ್ನೊಂದು ತರ ಮಡಚಿಕೊಂಡಿರೋದನ್ನ ನಾವು ಎಷ್ಟೋ ಸಲ ನೋಡ್ತೀವಿ."

ಹೀಗೆ 'ಒಂದೆರಕ ಕೂಟ' ಎಂದಾಯಿತು. ಬೇರೆ ಬೇರೆಯವು ಸೇರಿದರೆ 'ಹಲವೆರಕ ಕೂಟ'. ಎರಡಾದರೆ ಒಂದೆರಕ ಇಕ್ಕೂಟ, ಮೂರಾದರೆ ಒಂದೆರಕ ಮುಕ್ಕೂಟ. ಪಂಡಿತರು ತಮ್ಮ ಪದವನ್ನು ಅಡಿಟಿಪ್ಪಣಿಯಲ್ಲಿ ಹಾಕುವುದಾದರೆ ಒಪ್ಪಿಗೆ ಎಂದರು. ಅದು ಎರಡು ಸಾಲು ಹಿಡಿಯುತ್ತದೆ. ನಾಲ್ಕೂಟದ ಹೊತ್ತಿಗೆ ಊಟದ ಸಮಯ ಮೀರಿತ್ತು. ಯಾರೂ ವಿರೋಧಿಸಲಿಲ್ಲ.

ಮಾರ್ಚ್ ೨೭, ಗುರುವಾರ

ಆ ಫೋಟೋ ಮಾವಂದಿರ ಸೂಟ್‌ಕೇಸಿನಿಂದ ಹೊರಗೆ ಬಂದಿದೆ. ನಗುತ್ತಿರುವವನು ತಾನೇ ಎಂದು ಮೂವರೂ ಮತ್ತೆ ಶುರು ಮಾಡಿದ್ದಾರೆ, ಆದರೆ ಈಗ ಒಬ್ಬರ ಬೆನ್ನಿಗೊಬ್ಬರು ಗುದ್ದಿಕೊಂಡು. ಅಡುಗೆಮನೆಗೆ ಹೋಗುವಾಗ ಕಣ್ಣು ಹಾಯಿಸಿದೆ. ನಗುತ್ತಿರುವುದು ಕಿರಿಮಾವ. ಇದರಲ್ಲಿ ವಾದಕ್ಕೇನಿದೆಯೋ ಕಾಣೆ.

ಹೇಳಲಿಲ್ಲ. ಒಲೆಯ ಮೇಲೆ ಹಾಲಿತ್ತು.

ಮಾರ್ಚ್ ೩೦, ಭಾನುವಾರ

ಮಾವಂದಿರ ಮನೆಗೆ ಬಣ್ಣ ಹೊಡೆಯುವವನ ನಂಬರು ನನ್ನ ಬಳಿ ಇತ್ತು. ಕೆಲಸ ಈ ವಾರ ಮುಗಿಯಬೇಕಿತ್ತು. ಇವರು ಮೂವರೂ ಆ ವಿಷಯ ಎತ್ತುವುದೇ ಇಲ್ಲ. ನಡುಮಾವನ ಹೊಲಿಗೆ ಇನ್ನೂ ಹಸಿ. ಹೊಸ ಬಣ್ಣದ ವಾಸನೆಗೆ ಕೆಮ್ಮು ಬಂದರೆ ಏನು ಗತಿ? ಹಾಗಾಗಿ ಬಾಲ್ಕನಿಗೆ ಹೋಗಿ, ಬಾಗಿಲು ಎಳೆದುಕೊಂಡು ಅವನಿಗೆ ಫೋನ್ ಮಾಡಿದೆ. ಹಜಾರದ ಬಣ್ಣ ಸರಿ ಬಂದಿಲ್ಲವಂತೆ, ಇನ್ನೊಂದು ಕೋಟ್ ಹೊಡೆಯಿರಿ, ಅವಸರ ಬೇಡ, ನಿಧಾನವಾಗಿ ಒಣಗಲಿ ಎಂದೆ. ನಾನು ಹೇಳಿದೆನೆಂದು ಮನೆಯವರಿಗೆ ತಿಳಿಸಬೇಡಿ ಎಂದೂ ಸೇರಿಸಿದೆ.

ಅವನು ನಿಟ್ಟುಸಿರು ಬಿಟ್ಟ.

"ಅಮ್ಮ, ಸೋಮವಾರವೇ ಕೆಲಸ ಮುಗಿದಿತ್ತು. ಮಂಗಳವಾರ ಯಜಮಾನರು ಫೋನ್ ಮಾಡಿ ಇನ್ನೊಂದು ಕೋಟ್ ಅಂದ್ರು, ಹೊಡೆದೆ. ಗುರುವಾರ ಅವರೇ ಮತ್ತೆ ಮಾಡಿ ಇನ್ನೊಂದು ಅಂದ್ರು. ನಿನ್ನೆ ಮತ್ತೆ. ಪ್ರತಿ ಸಲ ಮೊದಲನೇ ಸಲ ಹೇಳೋ ಹಾಗೆ ಹೇಳ್ತಾರೆ, ಯಾರಿಗೂ ಹೇಳ್ಬೇಡ ಅಂತಾರೆ. ವಯಸ್ಸಾಯ್ತು, ಮರೆವು ಅಂತ ಸುಮ್ನಿದ್ದೆ. ಈಗ ನೀವೂ ಅದನ್ನೇ ಅಂತೀರಾ. ಗೋಡೆ ದಪ್ಪ ಆಗಿ ಕಿಟಕಿ ಮುಚ್ತಿಲ್ಲ."

"ಒಬ್ಬರೇ ಅಂತ ಹೇಗೆ ಗೊತ್ತು?"

"ದನಿ ಒಂದೇ ಅಲ್ವಾಮ್ಮ."

ದನಿ ಒಂದೇ ಅಂತೆ. ಆ ಮನುಷ್ಯ ಮೊದಲು ಕಿವಿ ತೋರಿಸಿಕೊಳ್ಳಲಿ. ಹಿರಿಮಾವನದು ಡಬ್ಬಿಯೊಳಗೆ ಗೋಲಿ ಉರುಳಿದ ದನಿ, ನಡುಮಾವನದು ಎರಡನೆಯ ಮಾತಿಗೆ ಏರುವ ದನಿ, ಕಿರಿಮಾವ ಪ್ರತಿ ವಾಕ್ಯದ ಕೊನೆಗೂ ಕಾಲು ಊರುತ್ತಾರೆ. ಕೆಲವರಿಗೆ ಎಷ್ಟು ಹೇಳಿದರೂ ಅಷ್ಟೇ.

ಹೊಡೆಯಿರಿ ಅಂದೆ, ಇನ್ನೊಂದು ಕೋಟ್.